ರೋಗವಲ್ಲದುದಕ್ಕೆ ಮದ್ದೇಕೆ?

ಮದ್ದೂರಿಗೆ ಸಮೀಪದಲ್ಲಿ ಶಿಂಷಾ ನದಿಯ ದಡದ ಮೇಲೆ ವೈದ್ಯನಾಥಪುರವೆಂಬ ಗ್ರಾಮವಿರುವುದು. ಅಲ್ಲಿಯ ದೇವರು ವೈದ್ಯನಾಥೇಶ್ವರ. ಕಾಯಿಲೆಯವರು ಈ ಸ್ವಾಮಿಯ ಸೇವೆಯಿಂದ ಗುಣಹೊಂದುವರೆಂದು ಸುತ್ತಣ ಸೀಮೆಯ ಜನರ ನಂಬುಗೆ. ಕಾವೇರಿಯ ತೀರದ ತಲಕಾಡಿನ ಪಂಚಲಿಂಗಗಳಲ್ಲಿ ಒಬ್ಬನು ವೈದ್ಯೇಶ್ವರ. ನಂಜನಗೂಡಿನ ಶ್ರೀಕಂಠೇಶ್ವರನನ್ನು, ತನ್ನ ಆನೆಯ ಕಣ್ಣು ವಾಸಿಯಾದುದಕ್ಕಾಗಿ, ಟಿಪ್ಪು ಸುಲ್ತಾನನು 'ಹಕೀಮ್ ನಂಜುಂಡ'ನೆಂದು ಕರೆದನೆಂಬ ಐತಿಹ್ಯವನ್ನು ಕೇಳದವರಿಲ್ಲ. ಹೀಗೆ ಮಂಡ್ಯ ಮೈಸೂರು ಸೀಮೆಗಳ ಗೃಹಸ್ಥನಿಗೆ ಶಿವನು ಬಹುಕಾಲದಿಂದ ಮನೆಯ ವೈದ್ಯನೂ ಆಗಿರುವನು. ಮಗುವಿಗೆ ಜ್ವರ ಬಂದರೂ ಮೈಯಲ್ಲಿ ಕಜ್ಜಿ ಎದ್ದರೂ ಒಂದು ಕಡೆ ಔಷಧ, ಇನ್ನೊಂದು ಕಡೆ ಹರಕೆ, ಇವೆರಡನ್ನೂ ನಡೆಯಿಸುವುದು ನಮ್ಮಲ್ಲಿ ರೂಢಿಯಾಗಿ ಬಂದಿರುವುದು.

ಆದರೆ ವೈದ್ಯನ ಬಳಿಗೆ ಹೋಗುವುದಕ್ಕೆ ಮೊದಲು, ತಾನು ರೋಗವೆಂದು ತಿಳಿದಿರುವುದು ನಿಜವಾಗಿಯೂ ರೋಗವೇ ಎಂಬುದನ್ನು ವಿಚಾರಿಸಬೇಕಷ್ಟೆ. ಎಡಗೈಯಲ್ಲಿ ಬರೆಯುವ ಮಕ್ಕಳ ಕೈಗೆ ಹೊಡೆದು ಬಲಗೈಗೆ ಬಳಪ ಕೊಡುತ್ತಿದ್ದ ಕಾಲವನ್ನು ಹಿರಿಯರು ಬಲ್ಲರು. ಎಷ್ಟೋ ಮಕ್ಕಳು ಇದರಿಂದ ಅಳುಕುಬಡಿದು ಪಾಠವನ್ನೇ ದ್ವೇಷಿಸುವಂತಾದರು. ಎಡಗೈ ಒಂದು ಪ್ರಕೃತಿಭೇದವೇ ಹೊರತು ದೋಷವಲ್ಲವೆಂದು ಈಗ ಎಲ್ಲರೂ ಒಪ್ಪುವರು. ಇದೇ ಬಗೆಯ, ಆದರೆ ಇದಕ್ಕಿಂತ ಬಹುಪಾಲು ಹೆಚ್ಚಿನ ಸಂಕಟಕ್ಕೆ ಕಾರಣವಾಗಿರುವ ಇನ್ನೊಂದು ತಪ್ಪು ತಿಳಿವಳಿಕೆಯು ನಮ್ಮ ಮನೆಗಳಲ್ಲಿ ಇಂದಿಗೂ ಉಳಿದಿರುವುದು. ಅದರ ವಿಷಯವಾಗಿ ಗೃಹಸ್ಥರೂ ಗೃಹಿಣಿಯರೂ ತಿಳಿದಿರಬೇಕಾದ ಕೆಲವು ಸಂಗತಿಗಳನ್ನು ವಾಚಕರ ಮುಂದೆ ಇಡುವುದೇ ಈ ಲೇಖನದ ಉದ್ದೇಶ.

ಇವರು ಯಾರು?

ಗಂಡು ಹೆಣ್ಣುಗಳ ಪರಸ್ಪರ ಒಲುಮೆಯನ್ನೇ ನಾವು ಲೋಕದ ನಿಯಮವೆಂದು ಎಣಿಸಿರುವೆವು. ಬಹುಜನರ ಪಾಲಿಗೆ ಅದು ನಿಜವೂ ಹೌದು. ಆದರೆ ಪ್ರತಿಯೊಂದು ದೇಶದಲ್ಲಿಯೂ ಪ್ರತಿಯೊಂದು ಕಾಲದಲ್ಲಿಯೂ ಬೇರೆ ತೆರನಾದ ಕೆಲವರು ಹುಟ್ಟುತ್ತಲೇ ಬಂದಿರುವರು. ಇವರಲ್ಲಿ ಮುಖ್ಯವಾಗಿ ಎರಡು ಬಗೆ. ಒಂದನೆಯ ಬಗೆಯವರು ಗಂಡಾಗಿದ್ದು ಗಂಡಸಿನಲ್ಲಿಯೇ, ಅಥವಾ ಹೆಣ್ಣಾಗಿದ್ದು ಹೆಂಗಸಿನಲ್ಲಿಯೇ ಅನುರಾಗವುಳ್ಳವರು. ಇವರನ್ನು ಸಲಿಂಗಾನುರಾಗಿಗಳೆಂದು ಕರೆಯುವರು. ಗಂಡಿನಲ್ಲಿಯೂ ಹೆಣ್ಣಿನಲ್ಲಿಯೂ ಅನುರಾಗವುಳ್ಳವರೂ ಉಂಟು. ಎರಡನೆಯ ಬಗೆಯವರು, ಹುಟ್ಟಿದಾಗ ದೇಹವನ್ನು ನೋಡಿ ಗಂಡೆಂದು ಹೆಸರಿಟ್ಟರೂ ಮನಸ್ಸಿನಲ್ಲಿ ತಾವು ಹೆಣ್ಣೆಂದು, ಅಥವಾ ಹೆಣ್ಣೆಂದು ಹೆಸರಿಟ್ಟರೂ ತಾವು ಗಂಡೆಂದು, ಇಲ್ಲವೆ ಎರಡೂ ಅಲ್ಲವೆಂದು ಬಲ್ಲವರು. ಇವರನ್ನು ತೃತೀಯ ಲಿಂಗಿಗಳೆಂದೂ ಲಿಂಗತ್ವ ಅಲ್ಪಸಂಖ್ಯಾತರೆಂದೂ ಪತ್ರಿಕೆಗಳು ಬರೆಯುವುವು. ಇವರಲ್ಲಿ ಹೆಣ್ಣಾಗಿ ಬಾಳುವವರಿಗೆ ನಮ್ಮ ನಾಡಿನಲ್ಲಿ 'ಮಂಗಳಮುಖಿ' ಎಂಬ ಗೌರವದ ಹೆಸರು ಬಳಕೆಗೆ ಬಂದಿರುವುದು. ಈ ಎರಡು ಬಗೆಗಳನ್ನೂ ಒಂದೆಂದು ತಿಳಿಯುವುದು ತಪ್ಪು. ಮೊದಲನೆಯದು ಯಾರನ್ನು ಪ್ರೀತಿಸುವೆನೆಂಬುದಕ್ಕೂ, ಎರಡನೆಯದು ನಾನು ಯಾರೆಂಬುದಕ್ಕೂ ಸಂಬಂಧಪಟ್ಟುದು.

೨೦೧೧ರ ಜನಗಣತಿಯಲ್ಲಿ ಮೊತ್ತಮೊದಲಾಗಿ ಗಂಡು ಹೆಣ್ಣುಗಳ ಜತೆಗೆ 'ಇತರ' ಎಂಬ ಒಂದು ಕಲಮನ್ನು ಸೇರಿಸಿದರು. ಅದರಲ್ಲಿ ಇಡೀ ಭಾರತದಿಂದ ೪,೮೭,೮೦೩ ಮಂದಿಯೂ ಕರ್ನಾಟಕದಿಂದ ೨೦,೨೬೬ ಮಂದಿಯೂ ಲೆಕ್ಕಕ್ಕೆ ಬಂದರು. ಗಣತಿಯವನು ಬಾಗಿಲಿಗೆ ಬಂದಾಗ ಮನೆಯ ಯಜಮಾನನು ತನ್ನ ಮಗುವಿನ ನಿಜಸ್ಥಿತಿಯನ್ನು ಹೇಳಿ ಬರೆಯಿಸುವುದು ಎಷ್ಟು ಕಷ್ಟವೆಂಬುದನ್ನು ಯೋಚಿಸಿದರೆ, ಲೆಕ್ಕಕ್ಕೆ ಬಾರದೆ ಉಳಿದವರು ಅನೇಕರೆಂದು ತಿಳಿಯುವುದು.

ಪೂರ್ವಿಕರ ನೋಟ

ಇದೆಲ್ಲವೂ ಈಚೆಗೆ ಪಶ್ಚಿಮ ದೇಶಗಳಿಂದ ಬಂದ ಹೊಸ ಗಾಳಿಯೆಂದು ಕೆಲವರು ಹೇಳುವುದುಂಟು. ಹಾಗೆ ಹೇಳುವವರು ತಮ್ಮ ಊರಿನ ಗುಡಿಯನ್ನೂ ಪುರಾಣವನ್ನೂ ಒಮ್ಮೆ ನೆನೆಯಬೇಕು. ಯಾವ ಶಿವನನ್ನು ವೈದ್ಯನೆಂದು ಪೂಜಿಸುವೆವೋ ಅವನೇ ಅರ್ಧನಾರೀಶ್ವರನು. ಬಾದಾಮಿಯ ಮೊದಲನೆಯ ಗುಹಾಲಯದಲ್ಲಿ, ಚಾಲುಕ್ಯರ ಶಿಲ್ಪಿಗಳು ಆರನೆಯ ಶತಮಾನದಷ್ಟು ಹಿಂದೆಯೇ, ಬಲಭಾಗ ಪುರುಷನೂ ಎಡಭಾಗ ಸ್ತ್ರೀಯೂ ಆದ ಆ ಮೂರ್ತಿಯನ್ನು ಬಂಡೆಯಲ್ಲಿ ಕಡೆದಿರುವರು. ದೇಹದ ಚಿಹ್ನೆಗಳಿಂದ ಗಂಡು ಹೆಣ್ಣೆಂದು ಹೇಳಬಹುದಾದರೂ ಒಳಗಿನ ಆತ್ಮಕ್ಕೆ ಆ ಭೇದವಿಲ್ಲವೆಂಬ ವಿಚಾರವನ್ನು ನಮ್ಮ ವಚನಕಾರರು ನೇಕಾರನಿಗೂ ಒಕ್ಕಲಿಗನಿಗೂ ಅರ್ಥವಾಗುವ ಮಾತಿನಲ್ಲಿ ಸಾರಿದರು.

ಮಳೆ ಬಾರದೆ ಹೋದರೆ ವಿರಾಟಪರ್ವವನ್ನು ಓದಿಸುವುದು ನಮ್ಮ ಹಳ್ಳಿಗಳ ಹಳೆಯ ಪದ್ಧತಿ. ಆ ಪರ್ವದಲ್ಲಿ ಮೂರು ಲೋಕದ ವೀರನಾದ ಅರ್ಜುನನು ಬೃಹನ್ನಳೆಯಾಗಿ ವಿರಾಟನ ಅರಮನೆಯನ್ನು ಸೇರಿ ರಾಜಕುಮಾರಿ ಉತ್ತರೆಗೆ ನಾಟ್ಯವನ್ನು ಕಲಿಸುವನು. ಅರಸನು ಅವನನ್ನು ಹೊರದೂಡಲಿಲ್ಲ. ತನ್ನ ಮಗಳ ವಿದ್ಯೆಯನ್ನೇ ಒಪ್ಪಿಸಿದನು. ಅರ್ಜುನನದು ಒಂದು ವರ್ಷದ ಶಾಪದ ವೇಷವಾದುದರಿಂದ ಅದು ನಮ್ಮ ವಿಷಯಕ್ಕೆ ಪೂರ್ತಿಯಾಗಿ ಹೊಂದದೆಂಬುದು ದಿಟ. ಆದರೂ ಅಂತಹ ಒಬ್ಬರಿಗೆ ಅರಮನೆಯ ಒಳಗೆ ಒಂದು ಸ್ಥಾನವೂ ಒಂದು ಉದ್ಯೋಗವೂ ಇರಬಹುದೆಂಬ ಕಲ್ಪನೆ ನಮ್ಮ ಕವಿಗಳಿಗೆ ಅಸಹಜವಾಗಿ ತೋರಲಿಲ್ಲ. ವಾತ್ಸ್ಯಾಯನನು 'ತೃತೀಯಾ ಪ್ರಕೃತಿ' ಎಂಬ ಮಾತನ್ನು ಬಳಸಿರುವನು. ಅವನು ಆಯ್ದುಕೊಂಡ ಪದವು ಪ್ರಕೃತಿಯೇ ಹೊರತು ವಿಕೃತಿಯಲ್ಲವೆಂಬುದನ್ನು ಗಮನಿಸತಕ್ಕುದು.

ಹಾಗೆಂದು ನಮ್ಮ ಹಿಂದಿನ ಕಾಲವೆಲ್ಲ ಸತ್ಯಯುಗವಾಗಿದ್ದಿತೆಂದು ಹೇಳುವುದೂ ಸರಿಯಲ್ಲ. ಮನುಸ್ಮೃತಿಯು ಕ್ಲೀಬನಿಗೆ ಪಿತ್ರಾರ್ಜಿತದಲ್ಲಿ ಭಾಗವಿಲ್ಲವೆಂದು ವಿಧಿಸಿತು. ಆದರೆ ಅದರ ಮುಂದಿನ ಶ್ಲೋಕದಲ್ಲಿಯೇ, ಭಾಗವಿಲ್ಲದ ಇಂತಹವರಿಗೆ ಜೀವವಿರುವವರೆಗೂ ಅನ್ನವಸ್ತ್ರಗಳನ್ನು ಕೊಟ್ಟು ಸಲಹಬೇಕೆಂದೂ, ಕೊಡದವನು ಪತಿತನೆಂದೂ ಹೇಳಿರುವುದು. ಭಾಗವಿಲ್ಲವೆಂಬ ಮೊದಲನೆಯ ವಿಧಿಯನ್ನು ನಾವು ಮರೆಯದೆ ಪಾಲಿಸಿದೆವು. ಸಲಹಬೇಕೆಂಬ ಎರಡನೆಯದನ್ನು ಮರೆತೆವು.

ನಮ್ಮ ಸೀಮೆಯಲ್ಲಿ ಪೌರಾಣಿಕ ನಾಟಕಗಳಿಗೆ ಇರುವಷ್ಟು ಮಾನ್ಯತೆ ಬೇರೆಲ್ಲಿಯೂ ಇರಲಾರದು. ಹಿಂದೆ ದ್ರೌಪದಿಯ ವೇಷವನ್ನು ಗಂಡಸರೇ ಹಾಕುತ್ತಿದ್ದರು. ಊರೇ ಸೇರಿ ಮೆಚ್ಚುತ್ತಿದ್ದಿತು. ವೇಷಧಾರಿಗೂ ಮನಸ್ಸಿನಿಂದಲೇ ಹೆಣ್ಣಾದವರಿಗೂ ಬಹಳ ಅಂತರವುಂಟು. ಆದರೂ ರಂಗಸ್ಥಳದ ಮೇಲೆ ಒಂದು ರಾತ್ರಿ ಚಪ್ಪಾಳೆ ಹೊಡೆದ ಊರು, ಅದೇ ನಡೆಯನ್ನು ಮನೆಯ ಮಗನಲ್ಲಿ ಹಗಲಿನಲ್ಲಿ ಕಂಡರೆ ಏತಕ್ಕೆ ಸಹಿಸಲಾರದೆಂಬುದು ಯೋಚಿಸಬೇಕಾದ ಪ್ರಶ್ನೆ.

ಜೋಗತಿ ಮಂಜಮ್ಮನವರು

ಉತ್ತರ ಕರ್ನಾಟಕದಲ್ಲಿ ಇಂತಹ ಮಕ್ಕಳಿಗೆ ಒಂದು ಹಳೆಯ ದಾರಿ ತೆರೆದಿದ್ದಿತು. ಸವದತ್ತಿಯ ರೇಣುಕಾ ಎಲ್ಲಮ್ಮನಿಗೆ, ಇಲ್ಲವೆ ತುಂಗಭದ್ರೆಯ ತೀರದ ಹುಲಿಗಿಯ ಹುಲಿಗೆಮ್ಮನಿಗೆ, ಅವರನ್ನು ಮುತ್ತು ಕಟ್ಟಿ ಒಪ್ಪಿಸುವರು. ದೇವಿಯೇ ಇವರ ಮೈಯಲ್ಲಿ ನೆಲಸಿರುವಳೆಂದು ನಂಬುಗೆ. ಇವರಿಗೆ ಜೋಗಪ್ಪ, ಜೋಗತಿ ಎಂದು ಹೆಸರು. ಸೀರೆಯುಟ್ಟು, ಚೌಡಿಕೆಯ ನಾದಕ್ಕೆ ತಲೆಯ ಮೇಲೆ ಕೊಡವನ್ನು ಹೊತ್ತು ಕುಣಿಯುತ್ತ, ಜೋಗವನ್ನು ಬೇಡಿ ಇವರು ಜೀವಿಸುವರು. ಜನರು ಇವರ ಕಾಲಿಗೆ ಬೀಳುವರು. ಆದರೆ ತಮ್ಮ ಪಂಕ್ತಿಯಲ್ಲಿ ಕೂರಿಸಿಕೊಳ್ಳರು. ದೇವಿಯ ಹೆಸರಿನಲ್ಲಿ ಪೂಜ್ಯತೆಯು ದೊರೆಯಿತಾದರೂ ಅದಕ್ಕೆ ಕೊಟ್ಟ ಬೆಲೆಯು ಮನೆ.

ಈ ದಾರಿಯನ್ನು ತುಳಿದವರಲ್ಲಿ ಇಂದು ನಾಡೆಲ್ಲ ಬಲ್ಲವರು ಮಂಜಮ್ಮ ಜೋಗತಿಯವರು. ಬಳ್ಳಾರಿ ಸೀಮೆಯ ಕಲ್ಲುಕಂಬ ಗ್ರಾಮದಲ್ಲಿ ಹುಟ್ಟಿದ ಅವರಿಗೆ ತಂದೆತಾಯಿಗಳು ಇಟ್ಟ ಹೆಸರು ಮಂಜುನಾಥ. ಹದಿಹರೆಯಕ್ಕೆ ಬರುವ ಹೊತ್ತಿಗೆ ತಾನು ಹೆಣ್ಣೆಂಬ ಭಾವನೆ ಆ ಹುಡುಗನಲ್ಲಿ ಬಲವಾಗಿ ನೆಲೆಗೊಂಡಿತು. ಕಡೆಗೆ ಹುಲಿಗಿಯ ಗುಡಿಯಲ್ಲಿ ಜೋಗತಿಯ ದೀಕ್ಷೆಯಾಗಿ, ಮಂಜುನಾಥನು ಮಂಜಮ್ಮನಾದನು. ಅಂದಿನಿಂದ ಹುಟ್ಟಿದ ಮನೆ ಅವರ ಪಾಲಿಗೆ ಪರಕೀಯವಾಯಿತು. ಒಮ್ಮೆ ಜೀವವನ್ನೇ ಕಳೆದುಕೊಳ್ಳಲು ಯತ್ನಿಸಿ ದೈವವಶಾತ್ ಬದುಕಿ ಉಳಿದರು. ಮನೆಯನ್ನು ಬಿಟ್ಟು, ಸೀರೆಯುಟ್ಟು ಬೀದಿಯಲ್ಲಿ ಭಿಕ್ಷೆ ಬೇಡಿದರು. ದುಷ್ಟರ ಕೈಗೆ ಸಿಕ್ಕಿ ಇದ್ದ ಅಲ್ಪ ಹಣವನ್ನೂ ಕಳೆದುಕೊಂಡು ಅತ್ಯಾಚಾರಕ್ಕೆ ಗುರಿಯಾದರು.

ಹೀಗೆ ಅಲೆಯುತ್ತಿದ್ದಾಗ ದಾವಣಗೆರೆಯ ಬಸ್ಸು ನಿಲ್ದಾಣದಲ್ಲಿ ತಂದೆ ಹಾಡುತ್ತಿರಲು ಮಗನು ತಲೆಯ ಮೇಲೆ ಕೊಡ ಹೊತ್ತು ಕುಣಿಯುತ್ತಿದ್ದುದನ್ನು ಕಂಡರು. ಅವರಿಂದಲೇ ಆ ನೃತ್ಯವನ್ನು ಕಲಿತರು. ಅನಂತರ ಹಗರಿಬೊಮ್ಮನಹಳ್ಳಿಯ ಹಿರಿಯ ಕಲಾವಿದೆ ಕಾಳವ್ವ ಜೋಗತಿಯವರ ಮೇಳವನ್ನು ಸೇರಿ ಊರೂರು ತಿರುಗಿದರು. ಅವರ ಕಾಲಾನಂತರ ಆ ಮೇಳವನ್ನು ತಾವೇ ನಡೆಯಿಸಿದರು. ಗುಡಿಯ ಮುಂದಣ ಜೋಗತಿ ಕುಣಿತವು ರಂಗಮಂದಿರಗಳನ್ನು ಏರಿದುದು ಇವರ ಶ್ರಮದಿಂದ. ೨೦೧೦ರಲ್ಲಿ ರಾಜ್ಯೋತ್ಸವ ಪ್ರಶಸ್ತಿ ಬಂದಿತು. ೨೦೧೯ರಲ್ಲಿ ಕರ್ನಾಟಕ ಜಾನಪದ ಅಕಾಡೆಮಿಯ ಅಧ್ಯಕ್ಷತೆಯು ಒದಗಿತು. ಆ ಪೀಠದಲ್ಲಿ ಕುಳಿತ ತೃತೀಯ ಲಿಂಗಿಗಳಲ್ಲಿ ಇವರೇ ಮೊದಲಿಗರು. ೨೦೨೧ರಲ್ಲಿ ಪದ್ಮಶ್ರೀ ಪ್ರಶಸ್ತಿಯನ್ನು ಸ್ವೀಕರಿಸಲು ರಾಷ್ಟ್ರಪತಿ ಭವನಕ್ಕೆ ಹೋದಾಗ, ಪ್ರಶಸ್ತಿಗೆ ಕೈಯೊಡ್ಡುವ ಮೊದಲು ತಮ್ಮ ಸೆರಗಿನಿಂದ ರಾಷ್ಟ್ರಪತಿಗಳ ದೃಷ್ಟಿಯನ್ನು ನಿವಾಳಿಸಿ ಹರಸಿದರು. ಅದನ್ನು ನೋಡಿ ಆ ಸಭೆಯಲ್ಲಿ ಮಂದಹಾಸ ಮೂಡಿತು. ಅವರ ಜೀವನಕಥನವನ್ನು ಅರುಣ್ ಜೋಳದಕೂಡ್ಲಿಗಿಯವರು 'ನಡುವೆ ಸುಳಿವ ಹೆಣ್ಣು' ಎಂಬ ಹೆಸರಿನಿಂದ ಬರೆದಿರುವರು.

ಈ ಕಥೆಯನ್ನು ಓದಿ ಸಂತೋಷಪಟ್ಟು ಪುಸ್ತಕವನ್ನು ಮುಚ್ಚಿಬಿಟ್ಟರೆ ಸಾಲದು. ಪ್ರಶಸ್ತಿ ಬಂದುದು ಒಬ್ಬರಿಗೆ. ಆದರೆ ಆ ಬೀದಿ, ಆ ಭಿಕ್ಷೆ, ಆ ಸಾವಿನ ಯೋಚನೆ, ಇವು ಅನೇಕರ ಪಾಲಿಗೆ ಬಂದಿರುವುವು. ಹದಿಹರೆಯದ ಒಂದು ಮಗುವಿಗೆ ಹುಟ್ಟಿದ ಮನೆಯಲ್ಲಿ ಒಂದು ಚಾಪೆಯ ಜಾಗ ಉಳಿದಿದ್ದರೆ ಈ ದುಃಖದ ಬಹುಭಾಗವು ಇಲ್ಲದೆ ಹೋಗುತ್ತಿದ್ದಿತೆಂಬುದೇ ಈ ಜೀವನದಿಂದ ಗೃಹಸ್ಥರು ಕಲಿಯತಕ್ಕ ಪಾಠ.

ವೈದ್ಯಶಾಸ್ತ್ರವು ಹೇಳುವುದೇನು?

ಇಂತಹ ಮಗನನ್ನೋ ಮಗಳನ್ನೋ ಕಂಡ ತಂದೆತಾಯಿಗಳು ಮೊದಲು ನೆನೆಯುವುದು ವೈದ್ಯನನ್ನು. ಇದು ನಮ್ಮ ದೇಶಕ್ಕೆ ಮಾತ್ರ ಸೇರಿದ ಸಂಗತಿಯಲ್ಲ. ೧೯೩೫ರಲ್ಲಿ ಅಮೆರಿಕದ ಒಬ್ಬ ತಾಯಿಯು ತನ್ನ ಮಗನ ವಿಷಯವಾಗಿ ವಿಯೆನ್ನಾ ನಗರದ ಪ್ರಸಿದ್ಧ ಮನೋವೈದ್ಯನಾದ ಸಿಗ್ಮಂಡ್ ಫ್ರಾಯ್ಡನಿಗೆ ಕಾಗದ ಬರೆದಳು. ಸಂಕೋಚದಿಂದ ಆಕೆ ವಿಷಯದ ಹೆಸರನ್ನೇ ಹೇಳಿರಲಿಲ್ಲ. ಫ್ರಾಯ್ಡನು ಅದನ್ನು ಊಹಿಸಿ, ಸಲಿಂಗಾನುರಾಗವು ನಾಚಿಕೆಪಡತಕ್ಕ ವಿಷಯವಲ್ಲವೆಂದೂ, ಅದನ್ನು ರೋಗವೆಂದು ಎಣಿಸಲಾಗದೆಂದೂ, ಅದನ್ನು ಮಾರ್ಪಡಿಸುವೆನೆಂದು ತಾನು ಮಾತು ಕೊಡಲಾರೆನೆಂದೂ ಸಮಾಧಾನದ ಉತ್ತರವನ್ನು ಬರೆದನು.

ಆದರೆ ವೈದ್ಯಲೋಕವು ಈ ಮಾತಿಗೆ ಬಹುಕಾಲ ಕಿವಿಗೊಡಲಿಲ್ಲ. ಆಲನ್ ಟ್ಯೂರಿಂಗ್ ಎಂಬ ಇಂಗ್ಲೀಷ್ ಗಣಿತಜ್ಞನ ಕಥೆಯು ಇದಕ್ಕೆ ಸಾಕ್ಷಿ. ಅವನ ತಂದೆ ಮದರಾಸು ಪ್ರಾಂತದಲ್ಲಿ ಸಿವಿಲ್ ಸರ್ವಿಸಿನಲ್ಲಿದ್ದವನು. ಎರಡನೆಯ ಮಹಾಯುದ್ಧದಲ್ಲಿ ಜರ್ಮನರ ಗೂಢಲಿಪಿಯನ್ನು ಬಿಡಿಸುವುದರಲ್ಲಿ ಪ್ರಮುಖನಾಗಿದ್ದು, ಇಂದಿನ ಗಣಕಯಂತ್ರಗಳ ತತ್ತ್ವಕ್ಕೆ ತಳಹದಿ ಹಾಕಿದ ಈ ಮೇಧಾವಿಯನ್ನು ೧೯೫೨ರಲ್ಲಿ ಸಲಿಂಗಾನುರಾಗದ ಕಾರಣದಿಂದ ಅಪರಾಧಿಯೆಂದು ತೀರ್ಮಾನಿಸಿದರು. ಸೆರೆಮನೆಗೆ ಬದಲಾಗಿ ಹಾರ್ಮೋನಿನ 'ಚಿಕಿತ್ಸೆ'ಯನ್ನು ಒಪ್ಪಿಕೊಳ್ಳಬೇಕಾಯಿತು. ಅದು ಅವನ ದೇಹವನ್ನು ಕೆಡಿಸಿತಲ್ಲದೆ ಪ್ರಕೃತಿಯನ್ನು ಬದಲಾಯಿಸಲಿಲ್ಲ. ೧೯೫೪ರಲ್ಲಿ, ೪೧ನೆಯ ವಯಸ್ಸಿನಲ್ಲಿ, ಅವನು ವಿಷಪ್ರಾಶನದಿಂದ ಮೃತನಾದನು. ೨೦೧೩ರಲ್ಲಿ ರಾಣಿಯ ಕ್ಷಮಾಪತ್ರವು ಹೊರಟಿತು; ಅದನ್ನು ಓದಲು ಅವನಿರಲಿಲ್ಲ.

ವೈದ್ಯರು ಕ್ರಮೇಣ ತಮ್ಮ ಎಣಿಕೆಯನ್ನು ತಿದ್ದಿಕೊಂಡರು. ಅಮೆರಿಕದ ಮನೋವೈದ್ಯ ಸಂಘವು ೧೯೭೩ರಲ್ಲಿ ಸಲಿಂಗಾನುರಾಗವನ್ನು ರೋಗಗಳ ಪಟ್ಟಿಯಿಂದ ತೆಗೆಯಿತು. ವಿಶ್ವ ಆರೋಗ್ಯ ಸಂಸ್ಥೆಯು ೧೯೯೦ರ ಮೇ ೧೭ರಂದು ಅದೇ ನಿರ್ಣಯವನ್ನು ಕೈಕೊಂಡಿತು. ತಾನು ಗಂಡಲ್ಲ ಹೆಣ್ಣು, ಅಥವಾ ಹೆಣ್ಣಲ್ಲ ಗಂಡು ಎಂಬ ಅರಿವನ್ನು ಮನೋರೋಗಗಳ ಸಾಲಿನಿಂದ ೨೦೧೯ರಲ್ಲಿ ತೆಗೆದರು. ಆ ಪಟ್ಟಿಯು ೨೦೨೨ರ ಜನವರಿಯಿಂದ ಜಾರಿಗೆ ಬಂದಿತು. ಭಾರತದ ಮನೋವೈದ್ಯರ ಸಂಘವೂ ೨೦೧೮ರಲ್ಲಿ ಸಲಿಂಗಾನುರಾಗವು ರೋಗವಲ್ಲವೆಂದು ಸಾರಿತು.

ನೆರೆಯ ಮದರಾಸಿನಲ್ಲಿ ೨೦೨೧ರಲ್ಲಿ ನಡೆದ ಒಂದು ಮೊಕದ್ದಮೆಯು ಇಲ್ಲಿ ಉಲ್ಲೇಖಾರ್ಹ. ಪರಸ್ಪರ ಒಲಿದ ಇಬ್ಬರು ಯುವತಿಯರು ಮನೆಯವರ ಭಯದಿಂದ ಓಡಿಬಂದು ಉಚ್ಚ ನ್ಯಾಯಾಲಯದ ರಕ್ಷಣೆಯನ್ನು ಬೇಡಿದರು. ನ್ಯಾಯಮೂರ್ತಿ ಆನಂದ್ ವೆಂಕಟೇಶ್ ಅವರು ಈ ವಿಷಯದಲ್ಲಿ ತಮಗೆ ತಿಳಿವಳಿಕೆ ಸಾಲದೆಂದು ಬಹಿರಂಗವಾಗಿ ಒಪ್ಪಿಕೊಂಡು, ಮನಶ್ಶಾಸ್ತ್ರಜ್ಞರ ಬಳಿ ತಾವೇ ಕುಳಿತು ಪಾಠ ಹೇಳಿಸಿಕೊಂಡು, ಆಮೇಲೆ ಆಜ್ಞೆಯನ್ನು ಬರೆದರು. ಔಷಧ ಉಪದೇಶಗಳಿಂದ ಇಂತಹವರನ್ನು 'ಮಾರ್ಪಡಿಸುವ' ಚಿಕಿತ್ಸೆಯನ್ನು ಅವರು ನಿಷೇಧಿಸಿದರು. ಅದರ ಫಲವಾಗಿ ರಾಷ್ಟ್ರೀಯ ವೈದ್ಯಕೀಯ ಆಯೋಗವು ೨೦೨೨ರಲ್ಲಿ ಅಂತಹ ಚಿಕಿತ್ಸೆಯನ್ನು ವೈದ್ಯರ ವೃತ್ತಿಗೆ ಸಲ್ಲದ ದುರ್ನಡತೆಯೆಂದು ಘೋಷಿಸಿತು. ಆದುದರಿಂದ ಈ ದಿನ 'ನಿಮ್ಮ ಮಗನನ್ನು ಸರಿಪಡಿಸಿಕೊಡುವೆನು' ಎಂದು ಹಣ ಕೇಳುವವನು ವೈದ್ಯನಾಗಿದ್ದರೆ ನಿಯಮವನ್ನು ಮುರಿಯುವವನು, ವೈದ್ಯನಲ್ಲದಿದ್ದರೆ ಮೋಸಗಾರನು.

ಶಾಸನದ ದಾರಿ

ಇಂತಹವರನ್ನು ಅಪರಾಧಿಗಳನ್ನಾಗಿ ಮಾಡಿದುದು ನಮ್ಮ ಊರಿನ ಪಂಚಾಯತಿಯಲ್ಲ, ಬ್ರಿಟಿಷರ ಕಾನೂನು. ೧೮೬೦ರ ದಂಡಸಂಹಿತೆಯ ೩೭೭ನೆಯ ಪ್ರಕರಣವು ಇವರ ಅನುರಾಗಕ್ಕೆ ಜೀವಾವಧಿಯವರೆಗೆ ಶಿಕ್ಷೆಯನ್ನು ವಿಧಿಸಿತು. ೧೮೭೧ರ ಕ್ರಿಮಿನಲ್ ಟ್ರೈಬ್ಸ್ ಆಕ್ಟ್ ಎಂಬ ಶಾಸನದ ಎರಡನೆಯ ಭಾಗವು ಹಿಜಡಾ ಸಮುದಾಯದವರನ್ನು ಹೆಸರು ಹಿಡಿದು ದಾಖಲುಮಾಡಲು ಹೇಳಿತು. ಹೆಣ್ಣುಡುಗೆಯುಟ್ಟು ಬೀದಿಯಲ್ಲಿ ಹಾಡಿ ಕುಣಿಯುವುದೇ ಅವರಿಗೆ ಅಪರಾಧವಾಯಿತು. ೧೯೧೯ರಲ್ಲಿ ಹೈದರಾಬಾದು ಸಂಸ್ಥಾನವೂ ಇದೇ ಮಾದರಿಯ ಶಾಸನವೊಂದನ್ನು ಮಾಡಿತು. ತೆಲಂಗಾಣದ ಉಚ್ಚ ನ್ಯಾಯಾಲಯವು ಅದನ್ನು ರದ್ದುಮಾಡಿದುದು ೨೦೨೩ರಲ್ಲಿ. ಕರ್ನಾಟಕದ ಪೊಲೀಸು ಶಾಸನಕ್ಕೆ ೨೦೧೧ರಲ್ಲಿಯೂ ಇಂತಹುದೇ ಒಂದು ಪ್ರಕರಣವನ್ನು ಸೇರಿಸಿದರೆಂದರೆ ಹಳೆಯ ಸಂಶಯವು ಎಷ್ಟು ಆಳವಾಗಿ ಬೇರೂರಿದ್ದಿತೆಂಬುದು ವಿಶದವಾಗುವುದು. ಆ ಪ್ರಕರಣವು ಉಚ್ಚ ನ್ಯಾಯಾಲಯದಲ್ಲಿ ಪ್ರಶ್ನಿತವಾದ ಬಳಿಕ ಸರಕಾರವು ಅದರಿಂದ ಆ ಸಮುದಾಯದ ಹೆಸರನ್ನು ತೆಗೆದುಹಾಕಿತು. ಇಂಗ್ಲೆಂಡು ತನ್ನ ಕಾನೂನನ್ನು ೧೯೬೭ರಲ್ಲಿಯೇ ಸಡಿಲಿಸಿತ್ತು. ನಾವಾದರೋ ಅದೇ ಇಂಗ್ಲೀಷರು ಬಿಟ್ಟುಹೋದ ಪ್ರಕರಣವನ್ನು ನಮ್ಮ ಸಂಸ್ಕೃತಿಯೆಂದು ಭಾವಿಸಿ ಇನ್ನೂ ಅರ್ಧ ಶತಮಾನ ಕಾಪಾಡಿಕೊಂಡು ಬಂದೆವು.

ಬದಲಾವಣೆಯು ನ್ಯಾಯಾಲಯಗಳಿಂದ ಬಂದಿತು. ೨೦೧೪ರ ಏಪ್ರಿಲ್ ೧೫ರಂದು ಸರ್ವೋಚ್ಚ ನ್ಯಾಯಾಲಯವು ತೃತೀಯ ಲಿಂಗಿಗಳೂ ಸಂವಿಧಾನದ ಎಲ್ಲ ಹಕ್ಕುಗಳಿಗೆ ಅರ್ಹರೆಂದು ತೀರ್ಪಿತ್ತಿತು. ೨೦೧೭ರಲ್ಲಿ ಒಂಬತ್ತು ನ್ಯಾಯಮೂರ್ತಿಗಳ ಪೀಠವು ಪ್ರತಿಯೊಬ್ಬನ ಖಾಸಗಿ ಜೀವನವೂ ಮೂಲಭೂತ ಹಕ್ಕೆಂದು ಎತ್ತಿಹಿಡಿದು, ಯಾರಲ್ಲಿ ಅನುರಾಗವೆಂಬುದೂ ಆ ಹಕ್ಕಿನಲ್ಲಿಯೇ ಅಡಗಿರುವುದೆಂದು ಹೇಳಿತು. ಆ ಮೊಕದ್ದಮೆಯನ್ನು ಹೂಡಿದವರು ಕರ್ನಾಟಕ ಉಚ್ಚ ನ್ಯಾಯಾಲಯದ ನಿವೃತ್ತ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿಯವರೆಂಬುದು ಕನ್ನಡಿಗರು ನೆನೆಯತಕ್ಕ ಸಂಗತಿ. ಈ ತಳಹದಿಯ ಮೇಲೆ ೨೦೧೮ರ ಸೆಪ್ಟೆಂಬರ್ ೬ರಂದು ಐವರು ನ್ಯಾಯಮೂರ್ತಿಗಳು ಒಮ್ಮತದಿಂದ, ವಯಸ್ಕರು ಪರಸ್ಪರ ಸಮ್ಮತಿಯಿಂದ ಏಕಾಂತದಲ್ಲಿ ನಡೆಯಿಸುವ ಬಾಳಿಗೆ ೩೭೭ನೆಯ ಪ್ರಕರಣವು ಅನ್ವಯಿಸದೆಂದು ತೀರ್ಪಿತ್ತರು. ಇವರೂ ಇವರ ಕುಟುಂಬಗಳೂ ಪಟ್ಟ ಪಾಡಿಗೆ ಇತಿಹಾಸವು ಕ್ಷಮೆ ಕೇಳಬೇಕಾಗಿರುವುದೆಂಬ ಅರ್ಥದ ಮಾತನ್ನು ನ್ಯಾಯಮೂರ್ತಿ ಇಂದೂ ಮಲ್ಹೋತ್ರಾ ಅವರು ಆ ತೀರ್ಪಿನಲ್ಲಿ ಬರೆದರು.

ನಮ್ಮ ನಾಡು ಈ ವಿಷಯದಲ್ಲಿ ಹಿಂದೆ ಬಿದ್ದಿಲ್ಲ. ೨೦೧೭ರಲ್ಲಿ ಕರ್ನಾಟಕವು ಇವರಿಗಾಗಿ ಒಂದು ರಾಜ್ಯನೀತಿಯನ್ನು ಅಂಗೀಕರಿಸಿತು. ೨೦೨೧ರ ಜುಲೈ ತಿಂಗಳಲ್ಲಿ, ಬೆಂಗಳೂರಿನ 'ಸಂಗಮ' ಸಂಸ್ಥೆಯು ನ್ಯಾಯಾಲಯದಲ್ಲಿ ಹೂಡಿದ ಮೊಕದ್ದಮೆಯ ಫಲವಾಗಿ, ಸರಕಾರದ ಉದ್ಯೋಗಗಳಲ್ಲಿ ತೃತೀಯ ಲಿಂಗಿಗಳಿಗೆ ಶೇಕಡಾ ಒಂದರಷ್ಟು ಸ್ಥಾನಗಳನ್ನು ಮೀಸಲಿಟ್ಟಿತು. ಭಾರತದಲ್ಲಿ ಹೀಗೆ ಮಾಡಿದ ರಾಜ್ಯಗಳಲ್ಲಿ ಇದೇ ಮೊದಲು.

ವಿವಾಹದ ಪ್ರಶ್ನೆಯು ಮಾತ್ರ ಬೇರೆಯಾಗಿ ನಿಂತಿರುವುದು. ೨೦೦೧ರಲ್ಲಿ ನೆದರ್ಲೆಂಡ್ಸ್ ದೇಶವು ಸಲಿಂಗ ವಿವಾಹಕ್ಕೆ ಮೊದಲು ಮಾನ್ಯತೆಯನ್ನು ಕೊಟ್ಟಿತು. ಏಷ್ಯಾ ಖಂಡದಲ್ಲಿ ೨೦೧೯ರಲ್ಲಿ ತೈವಾನೂ ೨೦೨೫ರಲ್ಲಿ ಥಾಯ್ಲೆಂಡೂ ಅದೇ ದಾರಿಯನ್ನು ಹಿಡಿದುವು. ಇದಕ್ಕೆ ವಿರುದ್ಧವಾಗಿ ಉಗಾಂಡಾ ದೇಶವು ೨೦೨೩ರಲ್ಲಿ ಕೆಲವು ಸಂದರ್ಭಗಳಲ್ಲಿ ಮರಣದಂಡನೆಯನ್ನೇ ವಿಧಿಸುವ ಶಾಸನವನ್ನು ಮಾಡಿತು. ನಮ್ಮ ಸರ್ವೋಚ್ಚ ನ್ಯಾಯಾಲಯವು ೨೦೨೩ರ ಅಕ್ಟೋಬರ್ ೧೭ರಂದು, ಸಲಿಂಗ ವಿವಾಹಕ್ಕೆ ಕಾನೂನಿನ ಮಾನ್ಯತೆಯನ್ನು ಕೊಡುವುದು ಶಾಸನಸಭೆಗೆ ಸೇರಿದ ಕಾರ್ಯವೆಂದು ಹೇಳಿತು.

ಕೆಲವು ಆಕ್ಷೇಪಣೆಗಳು

'ಮಗನಿಗೆ ಮದುವೆ ಮಾಡಿಬಿಟ್ಟರೆ ಎಲ್ಲವೂ ಸರಿಹೋಗುವುದು' ಎಂಬುದು ನಮ್ಮ ಮನೆಗಳಲ್ಲಿ ಮೊದಲು ಕೇಳಿಬರುವ ಮಾತು. ಇದಕ್ಕಿಂತ ಅಪಾಯಕರವಾದ ಸಲಹೆ ಬೇರೊಂದಿಲ್ಲ. ಮದುವೆಯು ಮದ್ದಲ್ಲ. ಏನನ್ನೂ ಅರಿಯದ ಮತ್ತೊಬ್ಬರ ಮಗಳು ಅರಿಸಿನ ಕುಂಕುಮ ಹಚ್ಚಿಕೊಂಡು ಆ ಮನೆಗೆ ಬಂದು, ಗಂಡನ ಪ್ರೀತಿಯನ್ನು ಕಾಣದೆ, ತಪ್ಪು ತನ್ನದೇ ಇರಬಹುದೆಂದು ವರ್ಷಗಟ್ಟಲೆ ಕೊರಗುವಳು. ಮಕ್ಕಳಾಗದಿದ್ದರೆ ಬಂಜೆಯೆಂಬ ಅಪವಾದವೂ ಅವಳ ತಲೆಗೇ ಬರುವುದು. ಹೆಣ್ಣುಮಕ್ಕಳನ್ನು ಬಲವಂತದಿಂದ ಕೊಡುವಾಗಲೂ ಇದೇ ದುರಂತವೇ. ಒಂದು ಮನೆಯ ಮಾನವನ್ನು ಉಳಿಸುವುದಕ್ಕಾಗಿ ಎರಡು ಜೀವಗಳನ್ನೂ ಎರಡು ಮನೆಗಳನ್ನೂ ಬಲಿಕೊಡುವುದು ಯಾವ ಧರ್ಮ?

'ಒಬ್ಬನನ್ನು ನೋಡಿ ಇನ್ನೊಬ್ಬನು ಕೆಡುವನು. ಇದು ಅಂಟಿಕೊಳ್ಳುವುದು' ಎಂದು ಮತ್ತೆ ಕೆಲವರು. ಇಂತಹ ಮಕ್ಕಳೆಲ್ಲರೂ ಗಂಡು ಹೆಣ್ಣುಗಳ ಸಂಸಾರದಲ್ಲಿಯೇ ಹುಟ್ಟಿ, ಅದನ್ನೇ ದಿನವೂ ನೋಡಿ ಬೆಳೆದವರು. ನೋಡಿದುದರಿಂದಲೇ ಪ್ರಕೃತಿಯು ಬದಲಾಗುವುದಾದರೆ ಅವರು ಹೀಗೆ ಆಗಲೇಬಾರದಾಗಿದ್ದಿತು.

'ಹಾಗಾದರೆ ಇವರು ಭಿಕ್ಷೆಯನ್ನೂ ಹೀನವೃತ್ತಿಯನ್ನೂ ಏಕೆ ಹಿಡಿಯುವರು?' ಎಂಬುದು ಮೂರನೆಯ ಪ್ರಶ್ನೆ. ಶಾಲೆಯಲ್ಲಿ ಸಹಪಾಠಿಗಳ ಹಾಸ್ಯವನ್ನು ತಾಳಲಾರದೆ ಓದನ್ನು ಬಿಟ್ಟು, ಮನೆಯವರಿಂದ ಹೊರದೂಡಲ್ಪಟ್ಟು, ಬಾಡಿಗೆಗೆ ಮನೆಯೂ ಕೆಲಸಕ್ಕೆ ಯಜಮಾನನೂ ದೊರೆಯದ ಹದಿನಾರು ವರ್ಷದ ಮಗುವಿಗೆ ಬೇರೆ ಯಾವ ವೃತ್ತಿಯನ್ನು ನಾವು ಉಳಿಸಿರುವೆವು? ಬಾಗಿಲನ್ನು ಮುಚ್ಚಿದವರೇ, ಬೀದಿಯಲ್ಲೇಕೆ ನಿಂತಿರುವೆಯೆಂದು ಕೇಳುವುದು ನ್ಯಾಯವಲ್ಲ.

ಗೃಹಸ್ಥರ ಕರ್ತವ್ಯ

೨೦೧೯ರ ತೃತೀಯ ಲಿಂಗಿಗಳ ಹಕ್ಕುಗಳ ರಕ್ಷಣೆಯ 'ಶಾಸನವು, ೨೦೨೦ರ ಜನವರಿಯಲ್ಲಿ ಜಾರಿಗೆ ಬಂದಾಗ, ತನ್ನ ೧೨ನೆಯ ಪ್ರಕರಣದಲ್ಲಿ ಗೃಹಸ್ಥರಿಗೇ ನೇರವಾಗಿ ಸಂಬಂಧಪಟ್ಟ ಒಂದು ವಿಧಿಯನ್ನು ತಂದಿತು. ತೃತೀಯ ಲಿಂಗಿಯೆಂಬ ಕಾರಣದಿಂದ ಯಾವ ಮಗುವನ್ನೂ, ಆ ಮಗುವಿನ ಹಿತಕ್ಕಾಗಿ ನ್ಯಾಯಾಲಯವು ಆಜ್ಞೆ ಮಾಡಿದ ಹೊರತು, ತಂದೆತಾಯಿಗಳಿಂದ ಅಗಲಿಸಕೂಡದು. ತಂದೆತಾಯಿಗಳಿರುವ ಮನೆಯಲ್ಲಿ ವಾಸಿಸುವ ಹಕ್ಕು ಅವರಿಗುಂಟು. ಆ ಮನೆಯಿಂದ ಅವರನ್ನು ಹೊರಗಿಡಕೂಡದು. ಇದನ್ನು ಪ್ರತಿಯೊಂದು ಮನೆಯವರೂ ತಿಳಿದಿರಬೇಕು. ಆದರೆ ಪೊಲೀಸರ ಭಯದಿಂದ ಮಗುವಿಗೆ ಅನ್ನವಿಕ್ಕುವ ಮನೆಯು ಮನೆಯೆನ್ನಿಸಿಕೊಳ್ಳದು. ಶಾಸನವು ಹೊಸ್ತಿಲವರೆಗೆ ಬರಬಲ್ಲುದು. ಒಳಮನೆಯಲ್ಲಿ ನಡೆಯತಕ್ಕುದು ತಂದೆತಾಯಿಗಳಿಂದಲೇ ಆಗಬೇಕು.

ಇದಕ್ಕಾಗಿ ಮಾಡತಕ್ಕುದು ಬಹಳವಿಲ್ಲ. ಮಗು ಹೇಳಬಂದುದನ್ನು ಸಿಟ್ಟಾಗದೆ ಕಡೆಯವರೆಗೂ ಕೇಳಿರಿ. ಆ ಮಾತನ್ನು ಆಡಲು ಅದು ಎಷ್ಟು ರಾತ್ರಿ ನಿದ್ದೆಗೆಟ್ಟಿರುವುದೋ ನೀವು ಅರಿಯಿರಿ. ಕೂಡಲೇ ನಿಮಗೆ ಅರ್ಥವಾಗದಿದ್ದರೂ ಚಿಂತೆಯಿಲ್ಲ. 'ನನಗೆ ತಿಳಿಯದು, ಆದರೆ ನೀನು ನನ್ನ ಮಗು' ಎಂದರೆ ಆ ದಿನಕ್ಕೆ ಅಷ್ಟು ಸಾಕು. ಬಡಿಯಬೇಡಿರಿ, ಕೂಡಿಹಾಕಬೇಡಿರಿ, ನೆಂಟರ ಮುಂದೆ ಹಾಸ್ಯಮಾಡಬೇಡಿರಿ. ಓದನ್ನು ಯಾವ ಕಾರಣಕ್ಕೂ ನಿಲ್ಲಿಸಬೇಡಿರಿ. ವಿದ್ಯೆಯೂ ಉದ್ಯೋಗವೂ ಇದ್ದವರನ್ನು ಲೋಕವು ಬೀದಿಗೆ ತಳ್ಳಲಾರದು. ಮಗುವಿನ ಮನಸ್ಸು ಬಹಳವಾಗಿ ಕುಗ್ಗಿದ್ದರೆ ಒಳ್ಳೆಯ ಮನೋವೈದ್ಯರನ್ನು ಕಾಣಿರಿ. ಅದು ಕುಗ್ಗಿದ ಮನಸ್ಸಿಗೆ ಧೈರ್ಯ ತುಂಬುವುದಕ್ಕಾಗಿಯೇ ಹೊರತು ಪ್ರಕೃತಿಯನ್ನು ತಿದ್ದುವುದಕ್ಕಲ್ಲ. ಮನೆಯಲ್ಲಿ ಇಂತಹ ಮಕ್ಕಳಿಲ್ಲದವರಿಗೂ ಕರ್ತವ್ಯವುಂಟು. ನೆರೆಮನೆಯ ಮಗುವನ್ನು ಕುರಿತು ಪಿಸುಮಾತಾಡದಿರುವುದು, ತಮ್ಮ ಮಕ್ಕಳ ಬಾಯಿಯಲ್ಲಿ ಆ ಬೈಗುಳ ಬಂದಾಗ ತಡೆಯುವುದು, ಇವು ಸಣ್ಣವಾಗಿ ಕಂಡರೂ ಸಣ್ಣವಲ್ಲ. ನೆಂಟರಿಷ್ಟರ ಬಾಯಿಗೆ ಅಂಜಿಯೇ ಎಷ್ಟೋ ತಂದೆತಾಯಿಗಳು ತಮಗೆ ಇಷ್ಟವಿಲ್ಲದಿದ್ದರೂ ಮಗುವನ್ನು ದೂರಮಾಡಿರುವರು.

ಓದುವ ಅಭ್ಯಾಸವಿರುವ ಮನೆಗಳಿಗೆ ಕನ್ನಡದಲ್ಲಿ ಈಗ ಪುಸ್ತಕಗಳೂ ದೊರೆಯುವುವು. ಮಂಜಮ್ಮನವರ ಜೀವನಕಥನವನ್ನು ಹೇಳಿಯಾಯಿತು. ಸಂಡೂರಿನವರಾದ ವಸುಧೇಂದ್ರರ 'ಮೋಹನಸ್ವಾಮಿ'ಯು, ೨೦೧೩ರಲ್ಲಿ ಹೊರಬಂದ ಕಥಾಸಂಕಲನವು, ಗಂಡಸನ್ನು ಪ್ರೀತಿಸುವ ಒಬ್ಬ ಕನ್ನಡಿಗನ ಒಳಮನಸ್ಸನ್ನು ತೆರೆದು ತೋರಿಸುವುದು. ೨೦೧೫ರಲ್ಲಿ ತೆರೆಕಂಡ 'ನಾನು ಅವನಲ್ಲ ಅವಳು' ಎಂಬ ಚಿತ್ರದಲ್ಲಿ ಮಂಗಳಮುಖಿಯ ಪಾತ್ರವನ್ನು ಅಭಿನಯಿಸಿದ ದಿವಂಗತ ಸಂಚಾರಿ ವಿಜಯ್ ಅವರಿಗೆ ರಾಷ್ಟ್ರಪ್ರಶಸ್ತಿ ಬಂದಿತ್ತು. ಮಾತಾಡಲು ಬಾಯಿಬಾರದ ವಿಷಯವನ್ನು ಮನೆಯವರು ಒಟ್ಟಿಗೆ ಕುಳಿತು ಓದಿಯೋ ನೋಡಿಯೋ ಮೊದಲುಮಾಡಬಹುದು.

ರೋಗವಿದ್ದವರಿಗೆ ಮದ್ದು ಬೇಕು. ರೋಗವಿಲ್ಲದ ಮಗುವಿಗೆ ಬೇಕಾದುದು ಉಳಿದ ಮಕ್ಕಳಿಗೆ ಬೇಕಾದುದೇ: ಹೊತ್ತಿಗೆ ಊಟ, ಶಾಲೆಗೆ ಪುಸ್ತಕ, ಹಬ್ಬಕ್ಕೆ ಹೊಸ ಬಟ್ಟೆ, ತಡವಾಗಿ ಬಂದರೆ ಬಾಗಿಲು ತೆರೆಯಲು ಒಬ್ಬರು. ಇಷ್ಟನ್ನು ನಮ್ಮ ವಾಚಕರ ಪೈಕಿ ಒಂದು ಮನೆಯವರು ತಮ್ಮ ಒಂದು ಮಗುವಿಗೆ ನಡೆಯಿಸಿಕೊಟ್ಟರೂ ಈ ಲೇಖನವನ್ನು ಬರೆದ ಶ್ರಮವು ಸಾರ್ಥಕವಾಗುವುದು.